ಗಾಜಿನ ಮೇಲಿನ ಕೋಳಿಮರಿ

ಮಾರ್ಚ್ ೪, ಭಾನುವಾರ

ಕೊನೆಗೂ ಸೆಪಾ ಒಪ್ಪಿಕೊಂಡರು, ಇಡೀ ಓಣಿಗೆ ಆಲಿಂಗ್, ದೊಡ್ಡಮ್ಮ. ತಿಂಗಳುಗಟ್ಟಲೆ ಅವರ ಮನೆ ಹೊಸ್ತಿಲು ಸವೆಸಿದ್ದೇನೆ. ನವೋತಾಸಿನ ಬಂದರಿನ ಹಿಂದಿನ ಆ ಓಣಿಗೆ ಹೋಗಿ ಬಂದರೆ ಮೈಗೆಲ್ಲ ಒಣಮೀನಿನ ವಾಸನೆ. ಸೋಪು ಹಾಕಿ ತಿಕ್ಕಿದರೂ ಹೋಗುವುದಿಲ್ಲ. ಬೇಡ ಬಿಡು, ಆ ವಾಸನೆ ನನ್ನ ಸಿನಿಮಾದಲ್ಲಿ ಬರಲಿ ಅಂತಲೇ ತಾನೇ ನಾನು ಇಷ್ಟು ಒದ್ದಾಡುತ್ತಿರುವುದು.

ಆಕೆಗೆ ಬಿಡಿಸಿ ಹೇಳಿದೆ. ನಡೆದದ್ದನ್ನ ನಡೆದ ಜಾಗದಲ್ಲೇ, ಅಲ್ಲಿದ್ದವರಿಂದಲೇ ಮತ್ತೆ ಮಾಡಿಸ್ತೀನಿ, ಅದರ ಮಧ್ಯೆ ನಡೆಯದೇ ಹೋದದ್ದನ್ನೂ ಸೇರಿಸ್ತೀನಿ, ಯಾವುದು ನಿಜ ಯಾವುದು ಕಟ್ಟಿದ್ದು ಅಂತ ನೋಡೋರಿಗೆ ಗೊತ್ತಾಗಬಾರದು ಅಂತ. ಆಕೆ ಮೀನಿನ ಹೊಟ್ಟೆ ಸೀಳುತ್ತಲೇ ಕೇಳಿಸಿಕೊಂಡರು. ಡೈರೆಕ್ಟರಾದವಳಿಗೆ ಇಲ್ಲಿಯವರು ಡಿರೆಕ್ ಅನ್ನುತ್ತಾರೆ.

"ಅಂದ್ರೆ ನನ್ನ ಮಗ ಎಲ್ಮರನನ್ನ ಮತ್ತೆ ಕೊಲ್ತೀರಾ ಡಿರೆಕ್?"

"ಕೊಲ್ಲೋ ಹಾಗೆ ಮಾಡ್ತೀವಿ, ಆಲಿಂಗ್."

"ಹೆಣ ಕಾಯೋದೂ ಇರುತ್ತಾ?"

"ಇರುತ್ತೆ."

ಆಗ ಚಾಕು ಕೆಳಗಿಟ್ಟರು. "ಹಾಗಾದ್ರೆ ಹೆಣದ ಪೆಟ್ಟಿಗೆ ಗಾಜಿನ ಮೇಲೆ ಕೋಳಿಮರಿ ಬಿಡಬೇಕು."

ಕೊಲೆಯಾದವರ ಪೆಟ್ಟಿಗೆ ಮೇಲೆ ಮರಿ ಬಿಡದೆ ನಮ್ಮಲ್ಲಿ ಯಾರು ಹೆಣ ಎತ್ತುತ್ತಾರೆ? ಅದು ಗಾಜಿನ ಮೇಲೆ ಅಕ್ಕಿಕಾಳು ಕುಕ್ಕಿದ ಹಾಗೆಲ್ಲ ಕೊಂದವನ ಎದೆ ಒಳಗೆ ಕುಕ್ಕುತ್ತದೆ ಅನ್ನುವುದು ಹಾಲು ಕುಡಿಯುವ ಮಗುವಿಗೂ ಗೊತ್ತು. ಹೋದ ವರ್ಷ ಎಲ್ಮರನನ್ನು ಮುಸುಕು ಹಾಕಿದ ಇಬ್ಬರು ಬೈಕಿನಲ್ಲಿ ಬಂದು, ಮನೆಯಿಂದ ಎಳೆದು ಗುಂಡು ಹೊಡೆದರು. ಅವನೇ ಮೊದಲು ಗುಂಡು ಹಾರಿಸಿದ ಅಂತ ಪೊಲೀಸರ ಕಾಗದದ ಮೇಲೆ ಬಂತು. ಹೆಣ ಕಾಯುವಷ್ಟು ದಿನವೂ ಅದೇ ಬೈಕು ಓಣಿಯಲ್ಲಿ ಸುತ್ತುತ್ತಿತ್ತಂತೆ. ಮರಿ ಇಟ್ಟರೆ ಇದು ಕೊಲೆ ಅಂತ ಸಾರಿದ ಹಾಗೆ. ಹೆದರಿ ಇಡಲಿಲ್ಲ.

"ನನ್ನ ಮಗ ಮರಿಯಿಲ್ಲದೆ ಮಣ್ಣಿಗೆ ಹೋದ, ಜ್ವರ ಬಂದು ಸತ್ತವನ ಹಾಗೆ," ಅಂದರು. "ಸಿನಿಮಾದಲ್ಲಿ ಇಟ್ಟರೆ ಯಾರೂ ಏನೂ ಅನ್ನಲ್ಲ, ಅಲ್ವಾ? ಸಿನಿಮಾ ತಾನೇ."

ಇನ್ನೊಂದು ಷರತ್ತು ಕಿರಿಯ ಮಗನದು. ಅವನ ಮುಖ ಎಲ್ಲೂ ಬರಕೂಡದು. "ನನಗೆ ಉಳಿದಿರೋದು ಡಿಂಡೊ ಒಬ್ಬನೇ. ಇವನನ್ನೂ ಅವರು ಗುರುತಿಟ್ಟುಕೊಂಡ್ರೆ ನಾನು ಬದುಕಲ್ಲ, ಡಿರೆಕ್." ಗೋಡೆಯ ಶಿಲುಬೆ ಮುಟ್ಟಿ ಆಣೆ ಮಾಡಿದೆ. ಮಾಡುವಾಗ ನನ್ನ ಕಣ್ಣಲ್ಲಿ ನಿಜವಾಗಿ ನೀರು ಬಂತು. ಎಂಥ ಹೆಂಗಸು.

ಮಾರ್ಚ್ ೧೦, ಶನಿವಾರ

ಎಲ್ಮರ್ ಪಾತ್ರಕ್ಕೆ ರಂಗಭೂಮಿಯಿಂದ ಒಬ್ಬನನ್ನು ತಂದಿದ್ದೆ. ಮಹಾರಾಯ, ಗುಂಡು ತಾಗಿದ ತಕ್ಷಣ ಎದೆ ಹಿಡಿದುಕೊಂಡು ಒಂದು ಸುತ್ತು ತಿರುಗಿ, ಆಕಾಶ ನೋಡಿ ಬಿದ್ದ. ಓಣಿಯ ಹೆಂಗಸರು ಬಟ್ಟೆ ಒಗೆಯುವುದು ಬಿಟ್ಟು ನಕ್ಕರು. "ನಮ್ಮ ಓಣೀಲಿ ಇಷ್ಟು ಚೆಂದ ಸತ್ತೋನು ಯಾರೂ ಇಲ್ಲ ಡಿರೆಕ್, ಇನ್ನೊಂದ್ಸಲ ತೋರಿಸಿ" ಅಂದಳು ಒಬ್ಬಳು. ಮಧ್ಯಾಹ್ನವೇ ಅವನನ್ನು ಗಾಡಿ ಹತ್ತಿಸಿದೆ.

ಕೊಲೆಗಾರನ ಪಾತ್ರ ಮಾತ್ರ ಗಟ್ಟಿಯಾಯಿತು. ಗಾಸ್ಪಾರ್, ಅಲ್ಲೇ ಮೂರು ಚಕ್ರದ ಬಾಡಿಗೆ ಗಾಡಿ ಓಡಿಸುವವನು. ದೊಡ್ಡ ಹೆಗಲು, ಸದಾ ರಬ್ಬರ್ ಚಪ್ಪಲಿ. ಮುಸುಕು ಹಾಕಿದರೆ ಯಾರಿಗಾದರೂ ಎದೆ ಝಲ್ಲೆನ್ನಬೇಕು. ಮುಸುಕು ತೆಗೆದರೆ ಮಗು. ಆಲಿಂಗ್ ಸೆಪಾ ಅವನ ಮಗಳಿಗೆ ಚರ್ಚಿನಲ್ಲಿ ಹೆಸರಿಡುವಾಗ ನಿಂತ ಜ್ಞಾನತಾಯಿಯಂತೆ. ಎಳೆಯುವ ಅಭ್ಯಾಸ ಮಾಡಿಸಿದರೆ, "ನೋವಾಯ್ತಾ? ನೋವಾಯ್ತಾ?" ಅಂತ ಆಕೆಯನ್ನು ಕೇಳುತ್ತಲೇ ಎಳೆಯುತ್ತಾನೆ. ಹೀಗಾದರೆ ಆಗುವುದಿಲ್ಲ.

ಮಾರ್ಚ್ ೧೭, ಶನಿವಾರ

ಡಿಂಡೊ ತಾನಾಗಿಯೇ ಬಂದ. ನಾನು ಕರೆಯಲಿಲ್ಲ, ಇದನ್ನು ಇಲ್ಲಿ ಬರೆದಿಡುತ್ತೇನೆ. ಬಂದರಿನಲ್ಲಿ ಐಸು ಹೊರುವ ಹುಡುಗ, ಭುಜದ ಮೇಲೆ ಒದ್ದೆ ಗೋಣಿ ಇನ್ನೂ ಇತ್ತು.

"ಕೂಯ, ನನ್ನಣ್ಣ, ಹೀಗೆ ಬೀಳಲಿಲ್ಲ ಡಿರೆಕ್. ಮೊದಲು ಮಂಡಿ ಊರಿದ. ಚಪ್ಪಲಿ ಹುಡುಕಿದ. ಒಂದು ಚಪ್ಪಲಿ ಸಿಕ್ಕಿರಲಿಲ್ಲ ಅವನಿಗೆ."

"ತೋರಿಸು."

ತೋರಿಸಿದ. ನೆಲ ತಡವುತ್ತಾ, ಅಣ್ಣನಂತೆಯೇ ಬೆನ್ನು ಬಗ್ಗಿಸಿ. ಕಿಟಕಿಯಲ್ಲಿ ನಿಂತಿದ್ದ ಆಲಿಂಗ್ ಸೆಪಾ ಬಾಯಿಗೆ ಅಂಗಿಯ ತುದಿ ತುರುಕಿಕೊಂಡರು. ನನ್ನ ಕ್ಯಾಮೆರಾದ ಬಾಡೊಂಗ್ ಹೇಳದೆಯೇ ತೆಗೆದುಕೊಂಡಿದ್ದ. ಇಪ್ಪತ್ತು ವರ್ಷ ಒಟ್ಟಿಗಿದ್ದವನು, ಅವನಿಗೆ ಹೇಳಬೇಕಾಗಿಲ್ಲ.

ಬೆನ್ನು ಮಾತ್ರ ತೆಗೆಯುತ್ತೇವೆ ಅಂತ ಸೆಪಾಗೆ ಹೇಳಿದೆ. ಬೆನ್ನು ಮುಖವಲ್ಲ. ಆಣೆ ಎಲ್ಲಿ ಮುರಿಯಿತು? ಆಕೆ ಅಳುತ್ತಾ ಹೂಂ ಅಂದಳು.

ಮಾರ್ಚ್ ೩೦, ಶುಭ ಶುಕ್ರವಾರ

ಸಿಕ್ಕಿತು. ಸಿಕ್ಕಿತು. ಸಿಕ್ಕಿತು.

ಬೆಳಗ್ಗೆಯಿಂದ ಓಣಿಯಲ್ಲಿ ಹರಕೆಯವರು ಬೆನ್ನಿಗೆ ಹೊಡೆದುಕೊಳ್ಳುತ್ತಾ ಸಾಲಾಗಿ ಹೋಗುತ್ತಿದ್ದರು. ಗೋಡೆಗೆಲ್ಲ ರಕ್ತದ ಹನಿ. ಇಂಥ ಹಿನ್ನೆಲೆ ದುಡ್ಡು ಕೊಟ್ಟರೆ ಸಿಗುತ್ತದೆಯೇ? ಇವತ್ತೇ ಎಳೆಯುವ ದೃಶ್ಯ ಅಂದೆ. ಬಾಡೊಂಗ್ ಮುಖ ಗಂಟಿಕ್ಕಿದ. "ದೇವರು ಸತ್ತಿರೋ ದಿನ ಲುಡಿ. ಇವತ್ತಾದ ಗಾಯ ಮಾಯೋದಿಲ್ಲ."

"ನಿನ್ನ ಅಜ್ಜಿ ಹೇಳಿದ್ದಾ? ಕ್ಯಾಮೆರಾ ಹಿಡಿ."

ದೃಶ್ಯ ಇಷ್ಟು: ಮುಸುಕಿನವನು ಮಗನನ್ನು ಎಳೆಯುತ್ತಾನೆ, ತಾಯಿ ಮಗನ ಕಾಲು ತಬ್ಬಿ ಜೊತೆಗೇ ಎಳೆದುಕೊಂಡು ಹೋಗುತ್ತಾಳೆ. ಮಾಡಿದ್ದೇ ಮಾಡಿದ್ದು, ಮಾಡಿದ್ದೇ ಮಾಡಿದ್ದು. ಗಾಸ್ಪಾರ್ ಹೂವು ಎತ್ತುವವನ ಹಾಗೆ ಎಳೆಯುತ್ತಿದ್ದ. ಸೆಪಾ ಬೇರೆ ಪ್ರತಿ ಸಲ ಕ್ಯಾಮೆರಾ ಕಡೆ, ನನ್ನ ಕಡೆ ನೋಡುತ್ತಾಳೆ, ಸಾಕಾ ಅಂತ ಕೇಳುವ ಹಾಗೆ. "ನನ್ನನ್ನ ನೋಡಬೇಡಿ, ಅವನನ್ನ ನೋಡಿ" ಅಂತ ಕೂಗಿ ಕೂಗಿ ಗಂಟಲು ಹರಿಯಿತು.

ಕೊನೆಗೆ ಗಾಸ್ಪಾರನನ್ನು ಪಕ್ಕಕ್ಕೆ ಕರೆದು ಕಿವಿಯಲ್ಲಿ ಹೇಳಿದೆ. "ಈ ಸಲ ಒದ್ದು ಬಿಡಿಸು. ನಿಜವಾಗಿ. ಅವಳಿಗೆ ಹೇಳಬೇಡ."

"ಡಿರೆಕ್, ವಯಸ್ಸಾದೋರು..."

"ಎಲ್ಮರನನ್ನ ಎಳೆದೋರು ವಯಸ್ಸು ಕೇಳಿದ್ರಾ? ಅವಳಿಗೆ ನ್ಯಾಯ ಬೇಕೋ ಬೇಡ್ವೋ?"

ಒದ್ದ. ಮೊದಲ ಒದೆತ ಭುಜಕ್ಕೆ, ಎರಡನೆಯದು ಕೈಗೆ. ಎಳನೀರು ಕೆತ್ತಿದ ಹಾಗೆ ಸದ್ದಾಯಿತು, ಮೈಕಿನಲ್ಲಿ ಸ್ವಚ್ಛವಾಗಿ ಬಂದಿದೆ. ಅವಳು ಕಿರುಚಲಿಲ್ಲ. ಬಾಯಿ ತೆರೆದಳು, ಧ್ವನಿ ಬರಲಿಲ್ಲ, ಮಗನ ಕಾಲು ಮಾತ್ರ ಬಿಡಲಿಲ್ಲ. ಡಿಂಡೊ "ನಾನೈ, ನಾನೈ" ಅಂತ ತಾಯಿಯನ್ನು ಕೂಗುತ್ತಾ ಎದ್ದು ಬಂದು ಗಾಸ್ಪಾರನ ಮೂಗಿಗೆ ಗುದ್ದಿದ. ಗಾಸ್ಪಾರ್ ಹೊಡೆಸಿಕೊಂಡೇ ನಿಂತಿದ್ದ, ಆಮೇಲೆ ಚರಂಡಿ ಪಕ್ಕ ಕೂತು ವಾಂತಿ ಮಾಡಿದ. ಎಲ್ಲವೂ ಇದೆ. ನಾನು ಕಟ್ ಹೇಳಲಿಲ್ಲ.

ಸೆಪಾಳ ಮಣಿಕಟ್ಟು ಮುರಿದಿದೆ. ನಾಟಿ ವೈದ್ಯೆ ಬಂದು ಪಟ್ಟಿ ಕಟ್ಟಿದಳು. ಡಿಂಡೊನ ಮುಖ ಪೂರ್ತಿ ಬಂದಿದೆ, ಅದೇನು ಮುಖ. ಅದನ್ನು ಕತ್ತರಿಸುವುದು ಪಾಪ. ನೋಡೋಣ.

ಏಪ್ರಿಲ್ ೨, ಸೋಮವಾರ

ಗಾಸ್ಪಾರ್ ಫೋನ್ ಎತ್ತುತ್ತಿಲ್ಲ. ಮೂಗಿಗೆ ಒಂದು ಪೆಟ್ಟು ಬಿದ್ದದ್ದಕ್ಕೆ ಇಷ್ಟು.

ಏಪ್ರಿಲ್ ೭, ಶನಿವಾರ

ವಿದೇಶದ ಚಿತ್ರೋತ್ಸವದವರಿಗೆ ಶುಕ್ರವಾರದ ತುಣುಕು ಕಳಿಸಿದ್ದೆ. ರಾತ್ರಿ ನಿದ್ದೆ ಬರಲಿಲ್ಲ ಅಂತ ಬರೆದಿದ್ದಾರೆ. ತಾಯಿ ಪಾತ್ರದವಳು ವೃತ್ತಿಯ ನಟಿಯೇ ಅಂತ ಕೇಳಿದ್ದಾರೆ. ನಾನು ಉತ್ತರ ಕೊಡಲಿಲ್ಲ. ಹಾಗೆ ಕೇಳಿಸಿಕೊಳ್ಳುವುದಕ್ಕೇ ಅಲ್ಲವೇ ಇಷ್ಟು ವರ್ಷ ಕಾದದ್ದು.

ಹೆಣ ಕಾಯುವ ದೃಶ್ಯವನ್ನು ಚರ್ಚಿನ ಹಿಂದಿನ ಕೋಣೆಯಲ್ಲಿ, ಬಾಗಿಲು ಹಾಕಿಕೊಂಡು ಮಾಡುತ್ತೇನೆ ಅಂದಿದ್ದೆ. ಈಗ ಓಣಿಯಲ್ಲೇ ಮಾಡಬೇಕು ಅನಿಸಿದೆ. ಎಲ್ಮರನ ಫೋಟೋ, ನಿಜವಾದ ಹೆಸರು ಹಾಕಿದ ಬ್ಯಾನರು ಓಣಿಯ ಬಾಯಿಗೆ ಕಟ್ಟಬೇಕು. ಸೆಪಾ ಮನೆಯಲ್ಲಿ ಮರಿ ಇಡುತ್ತಾರಂತೆ ಅಂತ ನಾಲ್ಕು ಜನಕ್ಕೆ ಹೇಳಿ ಬಿಟ್ಟಿದ್ದೇನೆ. ಬಂದವರು ನಂಬಿಕೊಂಡೇ ಬರಬೇಕು, ಹೆಣ ಕಾಯುವವರ ಹಾಗೇ ಇಸ್ಪೀಟು ಆಡಬೇಕು, ಕಾಫಿ ಕುಡಿಯಬೇಕು. ಪೆಟ್ಟಿಗೆಯೊಳಗೆ ಡಿಂಡೊ.

ಮುದುಕಿ ಹಟ ಹಿಡಿದಳು. ಪಟ್ಟಿ ಕಟ್ಟಿದ ಕೈ ಎದೆಗೊತ್ತಿಕೊಂಡು, "ಬದುಕಿರೋನನ್ನ ಪೆಟ್ಟಿಗೇಲಿ ಮಲಗಿಸ್ತೀರಾ ಡಿರೆಕ್? ಅದೂ ಬೀದೀಲಿ? ಒಳಗೆ ಮಾಡೋಣ ಅಂದಿದ್ರಿ. ಮುಖ ಬೇಡ ಅಂದಿದ್ದೆ."

"ಮರಿ ಬೇಕಾ ಬೇಡ್ವಾ ನಿಮಗೆ?"

ಮಗನ ಕಡೆ ತಿರುಗಿದಳು. ಡಿಂಡೊನೇ ಸಮಾಧಾನ ಮಾಡಿದ. "ಒಂದು ಮಧ್ಯಾಹ್ನ ತಾನೇ, ನಾನೈ. ಕೂಯನಿಗೋಸ್ಕರ. ಮಲಗಿದ್ರೆ ಐಸು ಹೊರೋದಕ್ಕಿಂತ ಸುಖ." ಅವಳ ತಲೆ ಸವರಿ ನಗಿಸಿದ. ಆ ಕೈಪಟ್ಟಿ ಕ್ಯಾಮೆರಾದಲ್ಲಿ ಬಹಳ ಚೆನ್ನಾಗಿ ಕಾಣುತ್ತದೆ.

ಏಪ್ರಿಲ್ ೧೪, ಶನಿವಾರ

ಮುಸುಕಿನ ಇಬ್ಬರು ಬಂದು ಪೆಟ್ಟಿಗೆ ಪಕ್ಕ ನಿಂತು ನೋಡಿ ಹೋಗಬೇಕು, ಅದಿಲ್ಲದೆ ದೃಶ್ಯವೇ ಇಲ್ಲ. ಗಾಸ್ಪಾರನ ಮನೆಗೆ ಎರಡು ಹೆಲ್ಮೆಟ್ಟು, ಮುಸುಕು ಚೀಲದಲ್ಲಿ ಹಾಕಿ ಕಳಿಸಿದೆ. ಫೋನಿಗೆ ಬರೆದು ಹಾಕಿದೆ: ನನ್ನ ಮೇಲೆ ಸಿಟ್ಟಿದ್ದರೆ ಇರಲಿ, ನಾಳೆ ಮಧ್ಯಾಹ್ನ ಇನ್ನೊಬ್ಬನನ್ನು ಹಿಂದೆ ಕೂರಿಸಿಕೊಂಡು ಬಾ, ಮುಸುಕು ತೆಗೆಯಬೇಡ, ನನ್ನ ಹತ್ತಿರ ಮಾತಾಡಬೇಡ, ಬಂದು ನೋಡಿ ಹೋಗು. ಓದಿದ್ದಾನೆ. ಉತ್ತರವಿಲ್ಲ. ಬರುತ್ತಾನೆ, ಮೆತ್ತಗಿನ ಮನಸ್ಸಿನವನು.

ಏಪ್ರಿಲ್ ೧೫, ಭಾನುವಾರ

ಡಿಂಡೊ ಸತ್ತ.

ಏಪ್ರಿಲ್ ೧೭, ಮಂಗಳವಾರ

ಮರೆಯುವ ಮೊದಲು ಕ್ರಮವಾಗಿ ಬರೆಯುತ್ತೇನೆ.

ಜನ ಚೆನ್ನಾಗಿ ಸೇರಿದ್ದರು. ಎರಡು ಮೇಜು ಇಸ್ಪೀಟು ನಡೆದಿತ್ತು. ಡಿಂಡೊ ಬಿಳಿ ಅಂಗಿ ಹಾಕಿ ಮಲಗಿದ್ದ. ಉಸಿರಾಡಲಿ ಅಂತ ಗಾಜನ್ನು ಒಂದು ಬೆರಳಷ್ಟು ಸರಿಸಿ ಇಟ್ಟಿದ್ದೆವು. ಆದರೂ ಒಳಗಿನಿಂದ ಹಬೆ ಕೂರುತ್ತದೆ ಅಂತ ಬಾಡೊಂಗ್ ಗೊಣಗಿದ. "ಸಣ್ಣಗೆ ಉಸಿರಾಡು, ಏನೇ ಆದರೂ ಕಣ್ಣು ಬಿಡಬೇಡ, ಗೊತ್ತಾಯ್ತಾ?" ಅಂತ ಹುಡುಗನಿಗೆ ಹೇಳಿದೆ. "ಸತ್ತೋನಿಗೆ ಎಷ್ಟೊಂದು ಕೆಲಸ ಡಿರೆಕ್" ಅಂತ ನಕ್ಕ. ಮುದುಕಿ ಒಳ್ಳೆಯ ಉಡುಪು ಹಾಕಿ, ಕೂದಲಿಗೆ ಎಣ್ಣೆ ಹಚ್ಚಿ ಬಂದಿದ್ದಳು. ಎಡಗೈಯಲ್ಲಿ ಮರಿ ತಂದು ಗಾಜಿನ ಮೇಲೆ ಬಿಟ್ಟಳು, ಅಕ್ಕಿ ಉದುರಿಸಿದಳು. ಅದು ಕುಕ್ಕಲು ಶುರುಮಾಡಿದಾಗ ಅವಳ ಮುಖ ನೋಡಬೇಕಿತ್ತು. ವರ್ಷದ ಮೇಲೆ ಮೊದಲ ಸಲ ಹೆಗಲು ಕೆಳಗಿಳಿಸಿದಳು.

ಬೈಕು ಬಂತು. ಇಬ್ಬರು. ಗಾಸ್ಪಾರ್ ಬಂದನಲ್ಲ ಅಂತ ಜೀವ ಬಂದ ಹಾಗಾಯಿತು. ಬಾಡೊಂಗ್‌ಗೆ ಹತ್ತಿರ ಹೋಗು ಅಂತ ಸನ್ನೆ ಮಾಡಿದೆ. ಇಸ್ಪೀಟಿನವರು ಎದ್ದು ಸಂದಿಗಳಲ್ಲಿ ಮಾಯವಾದರು. ಎಷ್ಟು ಚೆನ್ನಾಗಿ ಮಾಡುತ್ತಿದ್ದಾರೆ ಅಂದುಕೊಂಡೆ. ಮುಂದಿದ್ದವನ ಕಾಲಲ್ಲಿ ಬೂಟು ಇತ್ತು. ನೋಡಿದೆ. ಗಾಸ್ಪಾರ್ ಬೂಟು ಎಲ್ಲಿಂದ ತಂದನೋ, ಕೊನೆಗೂ ಪಾತ್ರ ಅರ್ಥವಾಯಿತು ಇವನಿಗೆ, ಅಂತ ಖುಷಿಪಟ್ಟೆ.

"ಮರಿ ಯಾರು ಇಟ್ಟಿದ್ದು?" ಅಂದ.

ಇದು ನಾನು ಬರೆದ ಮಾತಲ್ಲ. ಬಹಳ ಒಳ್ಳೆಯ ಮಾತು. ತಾನೇ ಕಟ್ಟಿಕೊಂಡು ಹೇಳುತ್ತಿದ್ದಾನೆ ಅಂದುಕೊಂಡೆ.

ಅವಳು ನನ್ನ ಕಡೆ ನೋಡಿದಳು. ಮತ್ತೆ ಅದೇ ಚಾಳಿ. ನನ್ನನ್ನ ನೋಡಬೇಡ, ಅವನನ್ನ ನೋಡು ಅಂತ ಕೈ ಆಡಿಸಿದೆ. ಮತ್ತೂ ನನ್ನನ್ನೇ ನೋಡಿದಳು. ಆಮೇಲೆ ಮಂಡಿಯೂರಿ, ಮುರಿದ ಕೈಯಲ್ಲೇ ಮರಿ ಹಿಡಿಯಲು ಹೋದಳು. "ತೆಗೀತೀನಿ ನನ್ನಪ್ಪಾ, ತೆಗೀತೀನಿ. ಇದು ಸಿನಿಮಾ. ನೋಡಿ, ಅಲ್ಲಿ ಕ್ಯಾಮೆರಾ ಇದೆ. ಇದು ಬರೀ ಸಿನಿಮಾ."

ಟೇಕ್ ಹಾಳು ಮಾಡಿದಳು ಅಂತ ನನಗೆ ಎಂಥ ಕೋಪ ಬಂತು ಅಂದರೆ ಹಲ್ಲು ಕಚ್ಚಿದೆ.

ಬೂಟಿನವನು ಬಗ್ಗಿ ಗಾಜಿನೊಳಗೆ ನೋಡಿದ. ಹೆಬ್ಬೆರಳಿನಿಂದ ಗಾಜು ಒರೆಸಿದ. ಹಬೆ ಒಳಗಡೆ ಇತ್ತು, ಹೋಗಲಿಲ್ಲ.

"ಇವನು ಉಸಿರಾಡ್ತಿದ್ದಾನಲ್ಲ" ಅಂದ ಹಿಂದಿನವನಿಗೆ. ತಮಾಷೆಯ ಧ್ವನಿಯಲ್ಲೇ. ಹಿಂದಿನವನು ನಕ್ಕ.

ಮೂರು ಗುಂಡು. ಗಾಜು ಪುಡಿಯಾಗಿ ಒಳಕ್ಕೆ ಕುಸಿಯಿತು. ಪೆಟ್ಟಿಗೆ ಹಲಗೆ ಮೇಲಿಂದ ಜಾರಿ ನೆಲಕ್ಕೆ ಬಿತ್ತು. ಬಿಳಿ ಅಂಗಿ ಮುಂದೆಲ್ಲ ಕೆಂಪಾಗಿ, ರಕ್ತ ಕುತ್ತಿಗೆಯಿಂದ ಉಕ್ಕಿ ದಿಂಬಿಗೆ ಇಳಿಯಿತು. ಅವನ ಬಲಗಾಲು ಪೆಟ್ಟಿಗೆಯ ಗೋಡೆಗೆ ಒದೆಯುತ್ತಲೇ ಇತ್ತು, ಸುಮಾರು ಹೊತ್ತು. ಬೈಕು ಹೋಯಿತು. ಮುದುಕಿ ಗಾಜಿನ ಚೂರಿನೊಳಕ್ಕೆ ಎರಡೂ ಕೈ ಹಾಕಿ ಅವನನ್ನು ಎತ್ತಲು ನೋಡಿದಳು, ಪಟ್ಟಿಯೆಲ್ಲ ಒದ್ದೆಯಾಯಿತು. ಮರಿ ಮಾತ್ರ ಬದುಕಿತ್ತು. ನೆಲದಲ್ಲಿ ಉದುರಿದ ಅಕ್ಕಿಕಾಳು ಹುಡುಕುತ್ತಾ ತಿರುಗುತ್ತಿತ್ತು.

ಹುಡುಗ ಕಣ್ಣು ಬಿಡಲಿಲ್ಲ. ನಾನು ಹೇಳಿದ ಹಾಗೇ ಮಾಡಿದ.

ಬಾಡೊಂಗ್ ಕ್ಯಾಮೆರಾ ಕೆಳಗಿಟ್ಟು ಓಡಿದ. ಇಟ್ಟ ಜಾಗದಲ್ಲೂ ಅದು ಓಡುತ್ತಲೇ ಇತ್ತು. ಚೌಕಟ್ಟು ಸ್ವಲ್ಪ ವಾಲಿದೆ, ಆದರೆ ಎಲ್ಲವೂ ಇದೆ.

ಏಪ್ರಿಲ್ ೨೧, ಶನಿವಾರ

ಹೆಣ ಕಾಯುವಲ್ಲಿಗೆ ಹೋಗಿದ್ದೆ. ಈ ಸಲ ಮನೆಯೊಳಗೆ. ಅದೇ ಪೆಟ್ಟಿಗೆ, ಹೊಸ ಗಾಜು. ಬೇರೆ ಕೊಳ್ಳಲು ಯಾರ ಹತ್ತಿರ ಇದೆ.

ಬಾಗಿಲಲ್ಲಿ ಗಾಸ್ಪಾರ್ ನಿಂತಿದ್ದ, ರಬ್ಬರ್ ಚಪ್ಪಲಿಯಲ್ಲಿ. ಹೆಲ್ಮೆಟ್ಟಿನ ಚೀಲ ಕೈಗೆ ಕೊಟ್ಟ. "ನಿಮ್ದು ಡಿರೆಕ್. ಗಂಟು ಬಿಚ್ಚಿಲ್ಲ." ಮುಖ ನೋಡಲಿಲ್ಲ.

ಸೆಪಾ ಮೂಲೆಯಲ್ಲಿ ಕೂತಿದ್ದಳು. ಮಡಿಲಲ್ಲಿ ಮರಿ. ಬೈಯುತ್ತಾಳೆ, ಹೊಡೆಯುತ್ತಾಳೆ ಅಂತ ಸಿದ್ಧವಾಗಿ ಹೋಗಿದ್ದೆ. ಏನೂ ಇಲ್ಲ. ಎದ್ದು ಬಂದು ಮರಿಯನ್ನು ನನ್ನ ಅಂಗೈಗೆ ಇಟ್ಟಳು. ಬೆಚ್ಚಗಿತ್ತು.

"ನೀನು ಇಡು," ಅಂದಳು.

"ನಾನ್ಯಾಕೆ ಆಲಿಂಗ್, ತಾಯಿ ನೀವು..."

"ನೀನೇ ಇಡಬೇಕು. ನನಗೆ ಬೇರೆ ಇನ್ನೇನೂ ಬೇಡ."

ಮನೆತುಂಬ ಜನ ನನ್ನನ್ನೇ ನೋಡುತ್ತಿದ್ದರು. ಇಸ್ಪೀಟು ನಿಂತಿತ್ತು. ಇಟ್ಟೆ. ಅಕ್ಕಿಯನ್ನು ಆ ಬದಿಗೆ ಹಾಕಿದ್ದರೂ ಮರಿ ನನ್ನ ಬದಿಗೆ ಬಂದು ಬರಿಗಾಜನ್ನು ಟಕ್ ಟಕ್ ಅಂತ ಕುಕ್ಕಿತು. ಎಂಥ ಚಿತ್ರ. ಕ್ಯಾಮೆರಾ ಇರಲಿಲ್ಲ, ಹೊಟ್ಟೆ ಉರಿಯಿತು. ನನ್ನ ಕೈಯಲ್ಲಿ ಇಡಿಸಿದ್ದು ಗೌರವದ ಮಾತೇ ಸರಿ. ಇಷ್ಟಾದರೂ ನನ್ನನ್ನು ಮನೆಯವಳೆಂದು ತಿಳಿದಿದ್ದಾಳೆ.

ಹೊರಗೆ ಬಾಡೊಂಗ್ ಗಂಜಿ ಅಂಗಡಿ ಹತ್ತಿರ ಕಾಯುತ್ತಿದ್ದ. ಹೆಣದ ಮನೆಯಿಂದ ನೇರ ಮನೆಗೆ ಹೋಗಬಾರದಲ್ಲ, ಸತ್ತವರು ಹಿಂದೆ ಬರುತ್ತಾರೆ, ಎಲ್ಲಾದರೂ ಕೂತು ಹೋಗಬೇಕು. "ಒಂದು ಬಟ್ಟಲು ಕುಡಿದು ಹೋಗು ಲುಡಿ."

ಕೆಲಸ ಇದೆ ಅಂದೆ.

"ಆ ಚಿತ್ರ ಇಂಥ ಕೇಸು ನಡೆಸೋ ಕಾನ್ವೆಂಟಿನ ವಕೀಲ ಸಿಸ್ಟರಿಗೆ ಕೊಡೋಣ. ಬೂಟು ಇದೆ, ಧ್ವನಿ ಇದೆ, ಬೈಕಿನ ನಂಬರು ಅರ್ಧ ಇದೆ."

"ಕೊಡೋಣ. ಉತ್ಸವ ಮುಗೀಲಿ. ಈಗ್ಲೇ ಹೊರಗೆ ಬಂದ್ರೆ ಅವರು ಸಿನಿಮಾ ತಗೊಳ್ಳೋದಿಲ್ಲ."

ಬಟ್ಟಲನ್ನು ಮೇಜಿನ ಮೇಲಿಟ್ಟ. "ನಾನು ಸೋಮವಾರದಿಂದ ಬರಲ್ಲ" ಅಂದ. ಬೇಡ ಬಿಡು. ಇಪ್ಪತ್ತು ವರ್ಷ ಕೈಹಿಡಿದು ಕಲಿಸಿದವಳು ನಾನು. ಅಲ್ಲಿಂದ ನೇರ ಎಡಿಟಿಂಗ್ ಕೋಣೆಗೆ ಬಂದೆ.

ಮೇ ೫, ಶನಿವಾರ

ಎಡಿಟಿಂಗಿಗೆ ನಿನಿಯಾ ಬಂದಿದ್ದಾಳೆ. ಚುರುಕು ಹುಡುಗಿ, ಪೆಟ್ಟಿಗೆ ದೃಶ್ಯ ಬಂದಾಗ ಮಾತ್ರ ಪರದೆಗೆ ಬೆನ್ನು ತಿರುಗಿಸಿ ಗುಂಡಿ ಒತ್ತುತ್ತಾಳೆ. ಕೊಲೆ ಪೂರ್ತಿ ಉಳಿಸಿದ್ದೇನೆ. ಒಂದೇ ತೊಂದರೆ, ತಾಯಿ ಪಾತ್ರ "ಇದು ಸಿನಿಮಾ" ಅನ್ನುವ ಮಾತು. ಅಲ್ಲಿಗೆ ಎಲ್ಲ ಬಿಗಿಯೂ ಸಡಿಲವಾಗಿಬಿಡುತ್ತದೆ. ನೋಡುವವನಿಗೆ ಗೊತ್ತಾಗಬಾರದು. ಅದನ್ನು ಕತ್ತರಿಸಿದೆ. ಈಗ ಅವಳು ಮಂಡಿಯೂರುತ್ತಾಳೆ, ಬಾಯಿ ತೆರೆಯುತ್ತಾಳೆ, ಗುಂಡು ಬೀಳುತ್ತದೆ. ಬಹಳ ಶಕ್ತಿಯುತವಾಗಿದೆ.

ಧ್ವನಿಯಲ್ಲಿ ಏನೋ ಟಕ್ ಟಕ್ ಅಂತ ಸೇರಿಕೊಂಡಿದೆ. ಮೈಕಿನ ತಂತಿ ಸಡಿಲವಿದ್ದಿರಬೇಕು, ಬಾಡೊಂಗನ ಬೇಜವಾಬ್ದಾರಿ.

ಮೇ ೯, ಬುಧವಾರ

ಉತ್ಸವದವರು ಆರಿಸಿದ್ದಾರೆ. ಮೊದಲ ದಿನದ ಪ್ರದರ್ಶನ. ನಿನಿಯಾಗೆ ಹೇಳಿದೆ, ಅವಳು "ಒಳ್ಳೇದು ಡಿರೆಕ್" ಅಂದಳು, ಅಷ್ಟೇ.

ಟಕ್ ಟಕ್ ಹೋಗುತ್ತಿಲ್ಲ. ಎಳೆಯುವ ದೃಶ್ಯದಲ್ಲೂ ಇದೆ, ಬಂದರಿನ ದೃಶ್ಯದಲ್ಲೂ ಇದೆ, ಹೆಸರುಗಳು ಬರುವ ಕಪ್ಪು ಪರದೆಯಲ್ಲೂ ಇದೆ. ಫ್ಯಾನ್ ನಿಲ್ಲಿಸಿದೆ. ಕಿಟಕಿ ಹಾಕಿದೆ. ನಲ್ಲಿ ಗಟ್ಟಿಯಾಗಿ ತಿರುಗಿಸಿ ಬಂದೆ. ಒಂದೇ ಸಮ ಇಲ್ಲ ಅದು, ಎರಡು ಸಲ ಬೇಗ ಬೇಗ, ಸ್ವಲ್ಪ ಹೊತ್ತು ಸುಮ್ಮನೆ, ಮತ್ತೆ ಒಂದು. ಮಧ್ಯಾಹ್ನ ತಡೆಯಲಾಗದೆ ನಿನಿಯಾಳ ಮೇಲೆ ರೇಗಿದೆ. "ಬೆಳಗ್ಗೆಯಿಂದ ಹೇಳ್ತಿದೀನಿ, ಆ ಸದ್ದು ತೆಗಿ ಅಂತ. ಕಿವಿ ಇಲ್ವಾ ನಿಂಗೆ?"

ಅವಳು ಕುರ್ಚಿಯಲ್ಲಿ ನನ್ನ ಕಡೆ ತಿರುಗಿದಳು. "ಡಿರೆಕ್, ಧ್ವನಿ ಬೆಳಗ್ಗೆಯಿಂದ ಪೂರ್ತಿ ಬಂದ್ ಮಾಡಿದೀನಿ. ಬರೀ ಚಿತ್ರ ಓಡ್ತಿದೆ."

ಹಾಗಾದರೆ ಯಂತ್ರದ್ದೇ ದೋಷ. ನಾಳೆ ಬೇರೆ ಯಂತ್ರ ತರಿಸಬೇಕು.